ಗೂಡ್ಸ್ ಗಾಡಿ ಎಲ್ಲಿ ಹೋಯಿತು?

ಹೈದರಾಬಾದ್
೧೧ ಫೆಬ್ರವರಿ ೨೦೨೫

ಪ್ರೀತಿಯ ಚಂದ್ರಾಮಣ್ಣನಿಗೆ,

ನಿನ್ನ ತಂಗಿ ಭಾಗ್ಯಳ ಜೈಭೀಮ್. ದಿನಾ ಫೋನಿನಲ್ಲಿ ಸಿಗುವವಳು ಕಾಗದ ಬರೆದಳಲ್ಲ ಎಂದು ಗಾಬರಿಯಾಗಬೇಡ. ಫೋನಿನಲ್ಲಿ ಹೇಳಿದರೆ ನೀನು ಏನಾದರೂ ನಗೆಚಾಟಿಕೆ ಮಾಡಿ ಇಟ್ಟುಬಿಡುತ್ತೀ. ಬರೆಯಬೇಕೆಂದು ಕೂತು ವಾರವಾಯಿತು, ಕೈ ಏಳಲಿಲ್ಲ. ತಡವಾದದ್ದಕ್ಕೆ ಬೈಯಬೇಡ.

ಕೆಲಸ ಜೋರಾಗಿದೆ. ನಿನ್ನ ಹಾಗೆ ಶಹಾಬಾದ್ ಕಡೆ ನೆಲಕ್ಕೆ ಹಾಸುವ ಫರಸಿ ಕಲ್ಲು ಕೊಯ್ಯುವವರ ಬಗ್ಗೆ ಒಂದು ಸಾಕ್ಷ್ಯಚಿತ್ರ. ಕ್ಯಾಮೆರಾದಲ್ಲಿ ತೆಗೆದು ತಂದದ್ದನ್ನು ಕತ್ತರಿಸಿ ಜೋಡಿಸುವವಳು ನಾನು. ಸೇಡಂನಲ್ಲಿ ನಾನು ಮದುವೆ ವಿಡಿಯೋ ಮಾಡುತ್ತಿದ್ದಾಗ, ಕಲಬುರಗಿಯಿಂದ ಬಸ್ಸಿನಲ್ಲಿ ಕಂಪ್ಯೂಟರನ್ನು ತೊಡೆಯ ಮೇಲಿಟ್ಟುಕೊಂಡು ತಂದವನು ನೀನು. ಅದಕ್ಕೇ ಇದನ್ನೆಲ್ಲ ನಿನಗೆ ಹೇಳುವುದು. ಮಾತಿನ ನಡುವೆ ಕೆಮ್ಮು ಬಂದರೆ ತೆಗೆದುಹಾಕುವುದು ನನ್ನ ರೂಢಿ. ಈ ಸಲ ನಿರ್ದೇಶಕಿ ನೂರಜಹಾನ್ ತಡೆದರು. "ತೆಗಿಬ್ಯಾಡ ಭಾಗ್ಯ, ಅವರು ಹ್ಯಾಂಗ ಮಾತಾಡ್ತಾರೋ ಹಂಗೇ ಇರಲಿ" ಅಂದರು. ಹೀಗಾಗಿ ದಿನವಿಡೀ ಕಿವಿಯಲ್ಲಿ ಕೆಮ್ಮು. ಉಸಿರು ಎಲ್ಲಿ ಸಾಲದಾಗುತ್ತದೆ ಎಂದು ಮೊದಲೇ ಗೊತ್ತಾಗುವಷ್ಟು ಕೇಳಿದ್ದೇನೆ.

ಹೋದ ವಾರ ನಿನ್ನ ಧ್ವನಿ ಸಂದೇಶ ಬಂತು. "ಊಟ ಆತು, ಆರಾಮ ಇದೀನಿ, ನೀ ಚಿಂತಿ ಮಾಡಬ್ಯಾಡ." ವಾಡಿಯ ನಮ್ಮ ಮನೆಯ ಬೆನ್ನಿಗೆ ಗೂಡ್ಸ್ ಗಾಡಿ ಗಡಗಡ ಹೋಗುತ್ತಿತ್ತು. 'ಆರಾಮ' ಎನ್ನುವ ತನಕ ಗಾಡಿ ಇತ್ತು, 'ಇದೀನಿ' ಎನ್ನುವಾಗ ಇಲ್ಲ. ಎಲ್ಲಿ ಹೋಯಿತು ಅಣ್ಣಾ? ಅಷ್ಟುದ್ದದ ಗಾಡಿ ಹಾಗೆ ಮಾಯವಾಗುವುದಿಲ್ಲ. ಅಲ್ಲಿ ರೆಕಾರ್ಡಿಂಗ್ ನಿಲ್ಲಿಸಿ ಮತ್ತೆ ಶುರು ಮಾಡಿದ್ದೀ.

ವೈನಿಗೆ ಫೋನ್ ಮಾಡಿದೆ. ಮೊದಲು ಹೇಳಲು ಒಪ್ಪಲಿಲ್ಲ. ಆಮೇಲೆ, "ನಿಮ್ಮಣ್ಣ ಫೋನ್ ನಿಲ್ಲಿಸಿ ಕೆಮ್ಮತಾರ, ಕೆಮ್ಮು ಮುಗದ ಮ್ಯಾಲ ಮತ್ತ ಮಾತಾಡ್ತಾರ. ನಿನಗ ಹೇಳಬ್ಯಾಡ ಅಂತ ಆಣಿ ಹಾಕ್ಯಾರ" ಅಂದರು. ಅವರ ಮೇಲೆ ರೇಗಬೇಡ, ಪಾಪ, ಅವರೂ ಹೆದರಿದ್ದಾರೆ.

ನನಗೂ ಹೆದರಿಕೆ, ಭಾಳ ಹೆದರಿಕೆ. ನಮ್ಮ ಚಿತ್ರದಲ್ಲಿ ಶೌಕತ ಅಲಿ ಎಂಬವರು, "ಧೂಳಿನ ಕೆಮ್ಮು, ಹೋಗ್ತದ ಬಿಡ್ರಿ" ಎಂದು ನಗುತ್ತಾರೆ, ನಿನ್ನ ಹಾಗೇ. ಚಿತ್ರ ಮುಗಿಯುವ ಮೊದಲೇ ಅವರು ತೀರಿಕೊಂಡರು.

ಬರುವ ಸೋಮವಾರ ನಾನು ವಾಡಿಗೆ ಬರುತ್ತೇನೆ. ಇಬ್ಬರೂ ಕಲಬುರಗಿಗೆ ಹೋಗಿ ಎಕ್ಸ್‌ರೇ ತೆಗೆಸೋಣ. "ಕೆಲಸ ಬಿಟ್ಟು ಹ್ಯಾಂಗ ಬರಲಿ" ಅಂದೆಯೋ, ನಿನ್ನ ಕಲ್ಲು ಕೊಯ್ಯುವ ಮಷೀನಿನ ಮುಂದೆಯೇ ಬಂದು ಕೂರುತ್ತೇನೆ. ನನ್ನ ಹಟ ನಿನಗೆ ಗೊತ್ತು. ಅಲ್ಲಿಯವರೆಗೆ ಒಂದೇ ಒಂದು ಸಂದೇಶವನ್ನು ನಿಲ್ಲಿಸದೆ ಕಳಿಸು. ಕೆಮ್ಮು ಬಂದರೆ ಬರಲಿ.

ಕೂಸಿಗೆ ನನ್ನ ಮುದ್ದು. ನೀವೆಲ್ಲ ತಣ್ಣಗಿರಿ, ನೂರು ಕಾಲ ಇರಿ.

ನಿನ್ನ ತಂಗಿ,
ಭಾಗ್ಯ

ತಾ.ಕ.: ಶೌಕತ ಅಲಿಯವರು ಹೋದ ಮೇಲೆ, ಅವರ ಹೆಂಡತಿ ಗಂಡನ ಧ್ವನಿ ಬೇಕೆಂದು ಕೇಳಿದ್ದರು. ಅವರ ಮಾತುಗಳನ್ನೆಲ್ಲ ಒಂದೇ ಕಡೆ ಕೂಡಿಸಿ ಕೊಟ್ಟಿದ್ದೆ. ನಿನ್ನೆ ನೋಡುತ್ತೇನೆ, ನಿನ್ನ ಹಳೆಯ ಸಂದೇಶಗಳನ್ನೂ, ನನ್ನನ್ನು ಬೈದದ್ದೂ ಸೇರಿ, ನನಗೇ ಗೊತ್ತಿಲ್ಲದೆ ಹಾಗೆಯೇ ಕೂಡಿಸಿಟ್ಟಿದ್ದೇನೆ. ನಿನ್ನದನ್ನು ನನ್ನ ಹತ್ತಿರ ಯಾರೂ ಕೇಳಿರಲಿಲ್ಲ ಅಣ್ಣಾ.