ನಾಲಿಗೆ ತಾಗಿದ ಹಲ್ಲು

ಪ್ರಯೋಗಾಲಯದ ಮೇಲ್ಮಹಡಿ,
ಮಾರ್ಚ್ ಹನ್ನೊಂದು, ಮಂಗಳವಾರ ಮಧ್ಯಾಹ್ನ

ಪ್ರೀತಿಯ ಅಕ್ಕಾ,

ನಿನ್ನ ಮೊಣಕಾಲು ಈಗ ಹೇಗಿದೆ? ಅಗೆತದ ಗುಂಡಿಯೊಳಗೆ ಮಂಡಿಯೂರಿ ಕೂರಬೇಡ, ಕೆಳಗೆ ದಿಂಬು ಹಾಕಿಕೋ ಎಂದು ವೈದ್ಯರು ಹೇಳಿದ್ದನ್ನು ನೀನು ಕೇಳಿರುವುದಿಲ್ಲ, ಅದು ನನಗೆ ಗೊತ್ತು. ಅಲ್ಲಿ ಧೂಳಿನ ಕೆಮ್ಮು ಇಳಿಯಿತೇ? ಅಮ್ಮ ಚೆನ್ನಾಗಿದ್ದಾಳೆ. ಕನ್ನಡಕ ಬದಲಾಯಿಸಿದ ಮೇಲೆ ಮನೆಯ ಮೂಲೆಮೂಲೆಯ ಕಸ ಕಾಣಿಸತೊಡಗಿದೆ, ಹಾಗಾಗಿ ನನ್ನ ಬದುಕು ಕೊಂಚ ಕಷ್ಟವಾಗಿದೆ. ನಾನೂ ಆರೋಗ್ಯವಾಗಿದ್ದೇನೆ, ಎರಡು ದಿನದಿಂದ ಸರಿಯಾಗಿ ಊಟ ಮಾಡಿಲ್ಲ ಎನ್ನುವುದನ್ನು ಬಿಟ್ಟರೆ. ಕಾಯಿಲೆ ಏನೂ ಅಲ್ಲ. ಖುಷಿಗೆ ಹಸಿವು ಹೋಗಿದೆ. ಈ ವಯಸ್ಸಿನಲ್ಲಿ ನನಗೆ ಇಂಥದ್ದಾಗುತ್ತದೆ ಎಂದು ನಾನೇ ನಂಬಿರಲಿಲ್ಲ, ನೀನು ನಗಬಹುದು.

ನೀನು ಕಳಿಸಿದ ಹಲ್ಲು, ಅದೇ, ಗುಹೆಯ ಒಳಭಾಗದಲ್ಲಿ ಸಿಕ್ಕ ದವಡೆ ಹಲ್ಲು, ಮಾತಾಡಿದೆ. ಏಳು ಸಾವಿರ ವರ್ಷ ಹಳೆಯದು ಎಂದು ನೀನು ಹೇಳಿದ್ದೆ. ಅದರ ಬೇರನ್ನು ಕೊರೆದು ಚಿಟಿಕೆ ಪುಡಿ ತೆಗೆದೆವು. ಆ ಪುಡಿಯಲ್ಲಿ ಡಿಎನ್‌ಎ ಉಳಿದಿತ್ತು. ತಾಯಿಯಿಂದ ಮಾತ್ರ ಮಕ್ಕಳಿಗೆ ದಾಟುವ ಒಂದು ಎಳೆ ಇದೆಯಲ್ಲ, ಗಂಡುಮಕ್ಕಳಿಗೂ ಬರುತ್ತದೆ ಆದರೆ ಅವರಲ್ಲೇ ನಿಂತುಹೋಗುತ್ತದೆ, ಆ ಎಳೆಯನ್ನು ಪೂರ್ತಿ ಓದಿದೆವು. ಇಲ್ಲಿನ ಲೆಕ್ಕದವಳು, ಅಂದರೆ ಕಂಪ್ಯೂಟರಿನಲ್ಲಿ ಹೋಲಿಕೆ ಮಾಡುವವಳು, ಸೋಮವಾರ ಬೆಳಿಗ್ಗೆ ನನ್ನ ಮೇಜಿನ ಬಳಿ ಬಂದು ನನ್ನ ಬಾಯೊಳಗೆ ಇಣುಕುವಂತೆ ಬಗ್ಗಿದಳು. ಆಮೇಲೆ, "ಸಾರ್, ಈ ಹಲ್ಲನ್ನ ಯಾವ ಡಾಕ್ಟರ್ ಹತ್ರ ಕೀಳಿಸಿದ್ರಿ?" ಎಂದಳು.

ನಮ್ಮಲ್ಲಿ ಒಂದು ನಿಯಮವಿದೆ. ಒಳಕೋಣೆಗೆ ಕಾಲಿಡುವ ಪ್ರತಿಯೊಬ್ಬರೂ, ನೆಲ ಒರೆಸುವವರೂ ದೀಪ ರಿಪೇರಿ ಮಾಡುವವರೂ ಸೇರಿ, ತಮ್ಮ ಉಗುಳನ್ನು ಮೊದಲೇ ಕೊಟ್ಟಿರಬೇಕು. ಮೂಳೆಯಲ್ಲಿ ಸಿಕ್ಕಿದ್ದು ನಮ್ಮಲ್ಲೇ ಯಾರದಕ್ಕಾದರೂ ಹೊಂದಿದರೆ ಅದು ಮೂಳೆಯದಲ್ಲ, ನಮ್ಮ ಕೆಮ್ಮಿನದು ಅಥವಾ ಬೆವರಿನದು. ಹಾಗೆ ಸಿಕ್ಕಿದ್ದನ್ನು ಎಸೆಯುತ್ತೇವೆ. ಈ ಹಲ್ಲು ನನ್ನ ಉಗುಳಿಗೆ ಹೊಂದಿತ್ತು. ಇಡೀ ಕೋಣೆ ನಕ್ಕಿತು. ನಮ್ಮ ಮೇಲಿನ ಮೇಡಂ ಮಾತ್ರ ನಗಲಿಲ್ಲ. "ಎರಡೆರಡು ಗ್ಲೌಸ್ ಹಾಕ್ಕೊಂಡು ಹೀಗಾ ಮಾಡೋದು?" ಎಂದರು. ಇಷ್ಟು ವರ್ಷದಲ್ಲಿ ಆ ಧ್ವನಿಯಲ್ಲಿ ನನ್ನೊಡನೆ ಅವರು ಮಾತಾಡಿರಲಿಲ್ಲ.

ಆದರೆ ಅಕ್ಕಾ, ಪೂರ್ತಿ ಹೊಂದುವುದಿಲ್ಲ. ಒಂದು ಜಾಗದಲ್ಲಿ ನನ್ನ ಎಳೆ ಬದಲಾಗಿದೆ, ಹಲ್ಲಿನದು ಬದಲಾಗಿಲ್ಲ. ಉಳಿದೆಲ್ಲ ಒಂದೇ. ಅಂದರೆ ಅದು ನನ್ನದಲ್ಲ. ನಮ್ಮ ಎಳೆಯೇ, ಆದರೆ ನನಗಿಂತ ಹಿಂದಿನದು. ಅದನ್ನು ತೋರಿಸಿದಾಗ ಮೇಡಂ ಕನ್ನಡಕ ತೆಗೆದು ಮತ್ತೆ ಹಾಕಿಕೊಂಡರು. ಈ ಎಳೆ ತೀರಾ ಅಪರೂಪದ್ದು, ನಾವು ನೋಡಿದ ಬೇರೆ ಯಾರಲ್ಲೂ ಸಿಕ್ಕಿಲ್ಲ. ನಾನು ಹೊರಗೆ ಹೋಗಿ ಮೆಟ್ಟಿಲ ಮೇಲೆ ಕೂತೆ. ಆಗ ನೆನಪಾದದ್ದು ವಿಜ್ಞಾನವಲ್ಲ, ಅಪ್ಪನ ಕಡೆಯ ಅತ್ತೆ. ನೆಂಟರೆಲ್ಲ ಸೇರಿದಾಗ ಅನಾಥಾಲಯದಲ್ಲಿ ಬೆಳೆದ ನಮ್ಮಮ್ಮನನ್ನು ಕರೆದು, "ಅಲ್ಲಮ್ಮಾ, ನಿಮ್ಮ ಕಡೆಯವರು ಅಂತ ಯಾರೂ ಇಲ್ವಾ?" ಎಂದು ಗೊತ್ತಿದ್ದೂ ಗೊತ್ತಿದ್ದೂ ಕೇಳುತ್ತಿದ್ದಳಲ್ಲ, ಅವಳು. ಅಮ್ಮ ಒಲೆಯ ಕಡೆ ಕೈ ತೋರಿಸಿ, "ನಾನು ಈ ಕಡೆಯವಳು" ಎನ್ನುತ್ತಿದ್ದಳು. ಎಲ್ಲರೂ ನಗುತ್ತಿದ್ದರು. ನೀನು ಮಾತ್ರ ತಟ್ಟೆ ಬಿಟ್ಟು ಎದ್ದು ಹೋಗುತ್ತಿದ್ದೆ. ಮಣ್ಣು ಅಗೆಯುವ ಹುಚ್ಚು ನಿನಗೆ ಅಲ್ಲಿಂದಲೇ ಹಿಡಿದಿರಬೇಕೆಂದು ನನ್ನ ಗುಮಾನಿ.

ನನಗೆ ಗೊತ್ತು, ಇದರಿಂದ ಕುಲವೂ ಸಿಗುವುದಿಲ್ಲ, ಗೋತ್ರವೂ ಸಿಗುವುದಿಲ್ಲ. ಅಷ್ಟು ಹಿಂದಕ್ಕೆ ಹೋದರೆ ಒಬ್ಬೊಬ್ಬರಿಗೂ ಹಿರಿಯರು ಸಾವಿರಾರು, ಅವರಲ್ಲಿ ಈ ಎಳೆ ತೋರಿಸುವುದು ಒಬ್ಬಳೇ ಒಬ್ಬಳನ್ನು. ಹಲ್ಲಿನವಳು, ಹೆಂಗಸೇ ಎಂದು ನಾನು ಅಂದುಕೊಂಡದ್ದಷ್ಟೇ, ನಮ್ಮ ನೇರ ಅಜ್ಜಿಯೂ ಆಗಬೇಕಿಲ್ಲ, ಆ ಅಜ್ಜಿಯ ತಂಗಿಯೋ ಸೋದರತ್ತೆಯ ನೆರೆಯವಳೋ ಆಗಿರಬಹುದು ಎಂದು ಬರೆಯಹೊರಟು ನಿಲ್ಲಿಸಿದೆ, ನೆರೆಯವಳಾದರೆ ಎಳೆ ಹೊಂದುವುದಿಲ್ಲ. ನೋಡು, ನನ್ನ ತಲೆ ಹೀಗಾಗಿದೆ. ದಿನವೂ ನಾನು ನೋಡುವುದು ಇಷ್ಟೇ: ಯಾವ ಇಬ್ಬರನ್ನು ಪಕ್ಕಪಕ್ಕದಲ್ಲಿಟ್ಟರೂ ಸಾವಿರಕ್ಕೆ ಒಂದು ಜಾಗದಲ್ಲಿ ವ್ಯತ್ಯಾಸ, ಉಳಿದದ್ದೆಲ್ಲ ಸಮ. ಅತ್ತೆಯನ್ನೂ ಅಮ್ಮನನ್ನೂ ಪಕ್ಕದಲ್ಲಿಟ್ಟರೂ ಅಷ್ಟೇ. ಬೇರೆ ಕಡೆಯವರು ಎಂದು ನಾವು ಕರೆಯುವುದೆಲ್ಲ ಆ ಸಾವಿರದಲ್ಲೊಂದರೊಳಗೆ ಇರುಕಿಕೊಂಡಿದೆ, ಅದರಲ್ಲೂ ಬಹುಪಾಲು ಒಂದೇ ಬೀದಿಯ ಜನರ ನಡುವೆಯೇ ಇರುವಂಥದ್ದು. ಇಷ್ಟೆಲ್ಲ ತಿಳಿದ ಮನುಷ್ಯ ಒಂದು ಹಲ್ಲಿಗಾಗಿ ಮೆಟ್ಟಿಲ ಮೇಲೆ ಕೂತು ಕಣ್ಣೊರೆಸಿಕೊಳ್ಳುವುದು ತಮಾಷೆಯೇ ಸರಿ. ಆದರೂ ಒರೆಸಿಕೊಂಡೆ.

ಈಗ ತೊಡಕಿನ ವಿಷಯ. ಮೇಡಂ ಕೇಳಿದರು, "ಅಗೆದವರು ಯಾರು?" ನಮ್ಮಕ್ಕ ಎಂದೆ. ಎಲ್ಲರೂ ಹಲ್ಲಿನ ಕಡೆ ತಿರುಗಿದರು: ನಿನಗೂ ನನಗೂ ಬಂದದ್ದು ಅಮ್ಮನ ಒಂದೇ ಎಳೆ. ಹೊರಗಿನ ಅಗೆತದವರು ಉಗುಳು ಕೊಡಬೇಕೆಂದು ಇಲ್ಲಿಂದ ಕಾಗದ ಬಂದಾಗ, "ನನ್ನ ಉಗುಳು ನನ್ನದು" ಎಂದು ವಾಪಸು ಬರೆದವಳು ನೀನೊಬ್ಬಳೇ. ಅದಿರಲಿ. ನನಗೆ ನೆನಪಾದದ್ದು ಇನ್ನೊಂದು. ಮೂಳೆಯೋ ಕಲ್ಲೋ ಎಂದು ಅನುಮಾನ ಬಂದಾಗ ನೀನು ಅದನ್ನು ನಾಲಿಗೆಯ ತುದಿಗೆ ಮುಟ್ಟಿಸುತ್ತೀಯ. ಕಲ್ಲಾದರೆ ಜಾರುತ್ತೆ, ಹಳೇ ಮೂಳೆಯಾದರೆ ನಾಲಿಗೆಗೆ ಅಂಟಿಕೊಳ್ಳುತ್ತೆ ಎಂದು ನನಗೂ ಒಮ್ಮೆ ನೆಕ್ಕಿಸಿದ್ದೆ. ನಿಮ್ಮ ಕಸುಬಿನ ಹಳಬರೆಲ್ಲ ಹಾಗೇ ಮಾಡುತ್ತಾರಂತೆ. ಹಲ್ಲಿನ ಬೇರು ಮಣ್ಣು ಮೆತ್ತಿ ಥೇಟ್ ಕಲ್ಲಿನ ಹಾಗಿತ್ತು.

ಅರ್ಥವಾಯಿತಲ್ಲ? ನನ್ನಲ್ಲಿರುವ ಬದಲಾವಣೆ ನನ್ನಿಂದಲೇ ಶುರುವಾಗಿದ್ದರೆ ನಿನ್ನಲ್ಲಿ ಅದು ಇರುವುದಿಲ್ಲ. ಆಗ ಹಲ್ಲಿನಲ್ಲಿ ಸಿಕ್ಕಿದ್ದು ನಿನ್ನ ನಾಲಿಗೆಯೇ ಎಂದು ಯಾರು ಬೇಕಾದರೂ ಹೇಳಬಹುದು. ಅದು ಅಮ್ಮನಿಂದ ಬಂದಿದ್ದರೆ ನಿನ್ನಲ್ಲೂ ಇರುತ್ತದೆ. ಆಗ ಹಲ್ಲು ನನ್ನದೂ ಅಲ್ಲ, ನಿನ್ನದೂ ಅಲ್ಲ. ಅಮ್ಮನ ಉಗುಳು ಸಾಲದು, ಹಲ್ಲು ಮುಟ್ಟಿದವಳದ್ದೇ ಬೇಕೆಂದು ಮೇಡಂ ಹಟ. ಹಳೆಯ ಡಿಎನ್‌ಎ ತುದಿಗಳಲ್ಲಿ ಸವೆದಿರುತ್ತದೆ, ಅದರಿಂದಲೂ ಗುರುತಿಸಬಹುದು. ಆದರೆ ಸವೆದ ತುಣುಕು ಸಿಕ್ಕಿದ್ದು ಕಡಿಮೆ, ಮೇಡಂ ಅಷ್ಟಕ್ಕೆ ಒಪ್ಪುತ್ತಿಲ್ಲ. ಅಷ್ಟರಲ್ಲಿ ತೀರ್ಮಾನವಾಗದಿದ್ದರೆ ತಿಂಗಳ ಕೊನೆಗೆ ಈ ಹಲ್ಲನ್ನು ಕೆಟ್ಟದ್ದೆಂದು ಬದಿಗಿಡುತ್ತಾರೆ.

ನಿನ್ನ ಹಿಂದಿನ ಕಾಗದದ ಲಕೋಟೆ ನನ್ನ ಮೇಜಿನ ಮೇಲೇ ಇದೆ. ಎಂದಿನಂತೆ ನಾಲಿಗೆಯಲ್ಲಿ ಒದ್ದೆ ಮಾಡಿ ಅಂಟಿಸಿದ್ದೀಯ. ಅದರ ಅಂಚನ್ನು ಕತ್ತರಿಸಿ ಒಳಗೆ ಒಯ್ದರೆ ಈ ವಾರದಲ್ಲೇ ಗೊತ್ತಾಗುತ್ತದೆ. ಲೆಕ್ಕದವಳು "ಕತ್ತರಿ ತರ್ಲಾ ಸಾರ್?" ಎಂದು ಹಲ್ಲು ಕಿರಿದಳು. ಬೇಡ ಎಂದೆ. ನಿನ್ನನ್ನು ಕೇಳದೆ ನಿನ್ನ ಉಗುಳನ್ನು ಓದುವುದಿಲ್ಲ. ಸತ್ತು ಏಳು ಸಾವಿರ ವರ್ಷವಾದವಳನ್ನು ಕೇಳಲಾಗಲಿಲ್ಲ, ನಿನ್ನನ್ನಾದರೂ ಕೇಳಬಹುದಲ್ಲ. ಲಕೋಟೆಯನ್ನು ಡ್ರಾಯರಿಗೆ ಹಾಕಿ ಬೀಗ ತಿರುಗಿಸಿದ್ದೇನೆ, ನನ್ನ ಮೇಲೆ ನನಗೇ ಪೂರ್ತಿ ನಂಬಿಕೆಯಿಲ್ಲ.

ಅಮ್ಮನಿಗೆ ಏನೂ ಹೇಳಿಲ್ಲ. ಇಷ್ಟು ವರ್ಷಕ್ಕೆ ಒಬ್ಬಳು ನೆಂಟಳನ್ನು ತಂದುಕೊಟ್ಟು, ಆಮೇಲೆ ಅದು ಮಗಳ ಎಂಜಲು ಎಂದು ಕಸಿದುಕೊಳ್ಳಲು ನನಗೆ ಧೈರ್ಯವಿಲ್ಲ.

ದಿಂಬು ಮರೆಯಬೇಡ. ನಿನ್ನ ಗುಂಪಿನವರಿಗೆಲ್ಲ ನನ್ನ ನೆನಪು ಹೇಳು.

ನಿನ್ನ ತಮ್ಮ,
ಮೊಂಡ

ಮರೆತ ಮಾತು: ಮನೆಗೆ ಬಂದು ಆತುರದಲ್ಲಿ ಬರೆಯುತ್ತಿದ್ದೇನೆ. ತಟ್ಟೆಯ ಮುಂದೆ ನಾನು ಒಬ್ಬನೇ ನಗುವುದನ್ನು ಅಮ್ಮನ ಹೊಸ ಕನ್ನಡಕ ಹಿಡಿದುಬಿಟ್ಟಿತು. ಅಮ್ಮನಿಗೆ ಎಲ್ಲ ಹೇಳಬೇಕಾಯಿತು, ನಿನ್ನ ನಾಲಿಗೆಯ ಅನುಮಾನವನ್ನೂ. ಅವಳು ಅದಕ್ಕೆ ಕಿವಿಗೊಡಲೇ ಇಲ್ಲ. ನಾನು ತೋರಿಸಿದ ಫೋಟೋದಲ್ಲಿ ಹಲ್ಲಿನ ಹುಳುಕು ನೋಡಿ ತನ್ನ ಕೆನ್ನೆಯ ಮೇಲೆ ಕೈ ಇಟ್ಟುಕೊಂಡಳು. "ಅಯ್ಯೋ, ಇಷ್ಟು ದೊಡ್ಡ ತೂತು! ಎಷ್ಟು ನೋವು ತಿಂದಳೋ ಪಾಪ, ಹತ್ತಿರ ಯಾರಿದ್ರೋ" ಎಂದಳು. ಈ ರಾತ್ರಿ ಅವಳೂ ಊಟ ಮಾಡಲಿಲ್ಲ. ಈ ಕಾಗದದ ಜೊತೆ ಒಂದು ಕೊಳವೆ ಇಟ್ಟಿದ್ದೇನೆ. ಒಪ್ಪಿಗೆಯಿದ್ದರೆ ಬೇಗ ಉಗುಳಿ ಕಳಿಸು. ಲಕೋಟೆಯನ್ನು ಮಾತ್ರ, ದಮ್ಮಯ್ಯ, ನೀರು ಹಚ್ಚಿ ಅಂಟಿಸು.