ಮಗಳು ಬರೆಯದ ಕಾಗದ

ಸೆಪ್ಟೆಂಬರ್ ೮, ಸೋಮವಾರ

ಎರಡು ಸೆಟ್ ಹಲ್ಲು ಮೇಣದಲ್ಲಿ ಕೂರಿಸಿದ್ದಾಯಿತು. ಮೂರನೆಯದರ ಅಚ್ಚು ಸರಿ ಬಂದಿಲ್ಲ. ಡಾಕ್ಟರಿಗೆ ಫೋನ್ ಮಾಡಿದರೆ, ಅಜ್ಜಿ ಬಾಯಿಯೇ ತೆರೆಯುವುದಿಲ್ಲ, ನೀವೇ ಹೇಗಾದರೂ ಹೊಂದಿಸಿ ಎಂದರು. ಹೊಂದಿಸುವುದೇ ನನ್ನ ಕಸುಬು, ಸರಿ.

ತಮ್ಮ ಕೊನೆಗೂ ನಮ್ಮ ಚರ್ಚಿನ ಮೂರು ದಿನದ ಕೋರ್ಸಿಗೆ ಹೂಂ ಅಂದಿದ್ದಾನೆ. ಐದು ವರ್ಷದಿಂದ ಬೆನ್ನು ಹತ್ತಿದ್ದೆ. ೧೮ರ ಗುರುವಾರ ಸಂಜೆ ಒಳಗೆ, ಭಾನುವಾರ ಸಂಜೆ ಹೊರಗೆ. ಫೋನಿಲ್ಲ, ಬಾಟಲಿಯಿಲ್ಲ. ಕ್ರಿಸ್ತನ ದಾರಿಯಲ್ಲಿ ಬದುಕುವುದು ಹೇಗೆ ಅಂತ ಅಲ್ಲಿ ಮಾತಾಡುವವರು ಫಾದರ್ ಒಬ್ಬರೇ ಅಲ್ಲ, ನಮ್ಮಂಥ ಸಂಸಾರಸ್ಥರು—ಟೈಲರ್, ಕ್ಲಾರ್ಕು, ಹಲ್ಲು ಕಟ್ಟುವವನು. ಮೂರು ದಿನ ನಿಮ್ಮವರ ಬಾಯಿಗೆ ಸಿಕ್ಕಿ ಬದುಕಿ ಬಂದರೆ ಅದೇ ಪವಾಡ ಅಂದ ತಮ್ಮ. ನಕ್ಕೆ. ಅವನು ಹೂಂ ಅಂದದ್ದೇ ಪವಾಡ.

ಕರೆತಂದವನಿಗೆ ಒಂದು ಕೆಲಸ ಇದೆ. ಬರುವವನಿಗೆ ಸುಳಿವು ಕೊಡದೆ ಅವನ ಹತ್ತಿರದವರಿಂದೆಲ್ಲ ಕಾಗದ ಬರೆಸಬೇಕು. ನಿನಗಾಗಿ ಪ್ರಾರ್ಥಿಸುತ್ತಿದ್ದೇನೆ, ನಿನಗಾಗಿ ಒಪ್ಪತ್ತು ಇದ್ದೇನೆ ಅಂತ. ಶನಿವಾರ ಮಧ್ಯಾಹ್ನ ಎಲ್ಲವನ್ನೂ ಒಟ್ಟಿಗೆ ಕೈಗೆ ಕೊಡುತ್ತಾರೆ. ಸನ್ನೆಕಾಗದ ಅನ್ನುತ್ತೇವೆ. ಕೈಗೆ ಅಲುಗದ ಬಂಡೆ ಸನ್ನೆಕೋಲಿಗೆ ಅಲುಗುತ್ತದಲ್ಲ, ಅದಕ್ಕೆ.

ಆರು ಬಂದಿವೆ. ಅವನ ಜೊತೆ ಲಿಫ್ಟ್ ರಿಪೇರಿ ಮಾಡುವವನೂ ನಾಲ್ಕು ಸಾಲು ಗೀಚಿ ಕೊಟ್ಟ. ಅವನ ಮಗಳದ್ದು ಮಾತ್ರ ಇಲ್ಲ. ಅದೊಂದು ಇಲ್ಲದೆ ಉಳಿದ ಆರು ಇದ್ದರೂ ಅಷ್ಟೆ, ಬಿಟ್ಟರೂ ಅಷ್ಟೆ.

ಸೆಪ್ಟೆಂಬರ್ ೧೧, ಗುರುವಾರ. ಊಟದ ಹೊತ್ತು

ಅವಳ ಕನ್ನಡಕದ ಅಂಗಡಿಗೆ ಹೋಗಿ ಬಂದೆ. ಗಿರಾಕಿಯ ಮೂಗಿನ ಮೇಲೆ ಫ್ರೇಮ್ ಇಟ್ಟು ಅಳೆಯುತ್ತಿದ್ದಳು. ಮುಗಿಯುವ ತನಕ ಕಾದೆ. ವಿಷಯ ಹೇಳಿದೆ. ಎರಡೇ ಸಾಲು ಸಾಕಮ್ಮ ಅಂದೆ.

"ನನ್ನ ಹತ್ರ ಬರೆಯೋಕೆ ಏನೂ ಇಲ್ಲ ದೊಡ್ಡಪ್ಪ."

ಅಷ್ಟೆ. ಕೋಪವೂ ಇಲ್ಲ. ಲೆನ್ಸ್ ಒರೆಸುತ್ತಾ ನಿಂತಳು. ಆರು ವರ್ಷದ ಹಿಂದೆ, ಅವಳ ಅಮ್ಮನ ಕೊನೆಯ ದಿನ, ಔಷಧಿ ತರುತ್ತೇನೆ ಅಂತ ಹೋದ ಅಪ್ಪ ಮರುದಿನ ಮಧ್ಯಾಹ್ನ ಬಂದ. ಕುಡಿದು ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ. ಅಷ್ಟರಲ್ಲಿ ಎಲ್ಲ ಮುಗಿದಿತ್ತು. ಹತ್ತೊಂಬತ್ತರ ಹುಡುಗಿ ಒಬ್ಬಳೇ ಆ ರೂಮಿನಲ್ಲಿ. ಅಂದಿನಿಂದ ಅಪ್ಪನ ಜೊತೆ ಮಾತಿಲ್ಲ. ಅಲ್ಲಿ ಏನಾಯಿತು ಅಂತ ಅವಳನ್ನು ಯಾರೂ ಕೇಳಿಲ್ಲ. ನಾನೂ ಕೇಳಿಲ್ಲ.

ಸೆಪ್ಟೆಂಬರ್ ೧೭, ಬುಧವಾರ

ಇವತ್ತು ಸಂಜೆ ಆರಕ್ಕೆ ಕಾಗದದ ಕವರು ಮೇಷ್ಟ್ರಿಗೆ ಮುಟ್ಟಬೇಕಿತ್ತು. ಮೇಷ್ಟ್ರು ಅಂದರೆ ನಮ್ಮ ಕೋರ್ಸು ನಡೆಸುವವರು, ರಿಟೈರಾದ ಹೆಡ್‌ಮಾಸ್ಟರು. ಮುಟ್ಟಿಸಿದೆ. ಏಳು ಕಾಗದ.

ಏಳನೆಯದು ನಾನೇ ಬರೆದೆ.

ಕಾಲೇಜಿನ ರಜೆಯಲ್ಲಿ ಅವಳು ನನ್ನ ಲ್ಯಾಬಿನಲ್ಲಿ ಡಬ್ಬಿಗಳ ಮೇಲೆ ಚೀಟಿ ಬರೆದು ಅಂಟಿಸುತ್ತಿದ್ದಳು. ಮೇಲ್ದವಡೆ, ಕೆಳದವಡೆ, ಹಲ್ಲಿನ ಬಣ್ಣದ ಶೇಡು, ಡಾಕ್ಟರ ಹೆಸರು. ಹಳೆಯ ಚೀಟಿಗಳು ಕಪಾಟಿನಲ್ಲೇ ಇದ್ದವು. ಎದುರಿಗೆ ಹರಡಿಕೊಂಡು ಕೂತೆ. ಇದ್ದ ಹಲ್ಲನ್ನು ನೋಡಿ ಇಲ್ಲದ ಹಲ್ಲು ಮಾಡುವವನಿಗೆ ಅಕ್ಷರ ಯಾವ ಲೆಕ್ಕ. ನಾಲ್ಕನೆಯ ಹಾಳೆಗೆ ಕೈ ಕೂತಿತು.

ಅಪ್ಪ, ನನಗೆ ಈಗ ಕೋಪವಿಲ್ಲ. ಅಮ್ಮ ನಿದ್ದೆಯಲ್ಲೇ ಹೋದಳು. ನಿಮ್ಮನ್ನು ಕೇಳಲಿಲ್ಲ. ನೋವೂ ಇರಲಿಲ್ಲ. ನೀವು ಇದ್ದಿದ್ದರೂ ಏನೂ ಬೇರೆ ಆಗುತ್ತಿರಲಿಲ್ಲ...

ಅಮ್ಮನ ಸಾಲುಗಳು ಹೇಗೆ ಬಂದವೋ. ಅವನಿಗೆ ಬೇಕಾಗಿದ್ದದ್ದು ಅದೇ ಅಂತ ಗೊತ್ತಿತ್ತು, ಬರೆದೆ. ಒಬ್ಬ ಮನುಷ್ಯ ಉಳಿದರೆ ದೇವರು ಇಷ್ಟು ಕಣ್ಣು ಮುಚ್ಚಿಕೊಳ್ಳಲಾರನೆ?

ಸೆಪ್ಟೆಂಬರ್ ೨೦, ಶನಿವಾರ

ಹಿಂದೆ ಕೋರ್ಸು ಮಾಡಿ ಈ ಸಲ ಮಾತಿನ ಸರದಿ ಇಲ್ಲದವರೆಲ್ಲ ಅಡುಗೆಮನೆಯಲ್ಲಿ. ಒಳಗಿರುವವರಿಗೆ ನಮ್ಮ ಮುಖ ಕಾಣಬಾರದು. ತರಕಾರಿ ಹೆಚ್ಚುವುದು, ಪಾತ್ರೆ ತಿಕ್ಕುವುದು, ನಡುವೆ ಮೊಣಕಾಲೂರಿ ಪ್ರಾರ್ಥನೆ.

ಮೂರೂವರೆಗೆ ಮೇಷ್ಟ್ರು ಬಂದು ಪಿಸುಗುಟ್ಟಿದರು. ನಿಮ್ಮ ತಮ್ಮ ಚಾಪೆಲಿನಲ್ಲಿ ಕೂತು ಅಳುತ್ತಿದ್ದಾನೆ, ಒಂದೇ ಕಾಗದ ಹಿಡಿದುಕೊಂಡಿದ್ದಾನೆ, ಉಳಿದವು ಬೆಂಚಿನ ಮೇಲಿವೆ ಎಂದರು. ನನ್ನ ಭುಜ ತಟ್ಟಿದರು. ಖುಷಿಯಾಯಿತು. ಸುಳ್ಳೇಕೆ, ತುಂಬಾ ಖುಷಿಯಾಯಿತು. ಆಮೇಲೆ ಈರುಳ್ಳಿ ಹೆಚ್ಚುವ ಜಾಗಕ್ಕೆ ಹೋಗಿ ನಿಂತೆ, ಅಲ್ಲಿ ಕಣ್ಣೀರಿಗೆ ಕಾರಣ ಕೇಳುವವರಿಲ್ಲ.

ಸೆಪ್ಟೆಂಬರ್ ೨೧, ಭಾನುವಾರ

ಮುಕ್ತಾಯದ ಸಭೆ. ತಮ್ಮ ಎದ್ದು ಮೈಕು ಹಿಡಿದ. ನನ್ನ ಮಗಳು ನನ್ನನ್ನು ಕ್ಷಮಿಸಿದ್ದಾಳೆ, ಇನ್ನು ಕುಡಿಯುವುದಿಲ್ಲ ಅಂದ. ಸಭೆಗೆ ಸಭೆಯೇ ಚಪ್ಪಾಳೆ. ನಾನೂ ತಟ್ಟಿದೆ.

ಸೆಪ್ಟೆಂಬರ್ ೨೮, ಭಾನುವಾರ

ಕೋರ್ಸು ಮುಗಿಸಿದವರು ವಾರಕ್ಕೊಮ್ಮೆ ಸೇರುವ ಗುಂಪು. ನಾವು ನಾಲ್ವರು, ಈಗ ತಮ್ಮನೂ ಸೇರಿ ಐವರು. ಈ ವಾರ ಕ್ರಿಸ್ತನಿಗೆ ಅತಿ ಹತ್ತಿರ ಅನ್ನಿಸಿದ ಗಳಿಗೆ ಯಾವುದು ಅಂತ ಒಬ್ಬೊಬ್ಬರೂ ಹೇಳಬೇಕು. ಟೈಲರ್ ಯಾವತ್ತಿನ ಹಾಗೆ, ಗುಂಡಿ ಹೊಲಿಯುವಾಗ ಅಂದ. ತಮ್ಮ, ಮಗಳ ಕಾಗದ ಓದುವಾಗ ಅಂದ. ನನ್ನ ಸರದಿ. ಚರ್ಚಿನ ಬೆಳಗಿನ ಪೂಜೆಯಲ್ಲಿ ಅಂದೆ.

ಪೂಜೆಯಲ್ಲಿ ನಾನು ಯೋಚಿಸಿದ್ದು ಒಂದೇ. ಕಾಗದದ ಮಾತು ಮಗಳೆದುರು ಎತ್ತದ ಹಾಗೆ ಇವನನ್ನು ಎಷ್ಟು ದಿನ ತಡೆಯಬಹುದು.

ಹೊರಗೆ ಬಂದಾಗ, ಅವಳನ್ನು ನೋಡಲು ಹೋಗಲೇ ಅಣ್ಣ ಅಂದ. ಈಗಲೇ ಬೇಡ, ಅವಳಿಗೆ ಸ್ವಲ್ಪ ಸಮಯ ಬೇಕಂತೆ ಅಂದೆ. ಒಂದು ಸುಳ್ಳಿಗೆ ಇನ್ನೊಂದರ ಊರುಗೋಲು.

ಅಕ್ಟೋಬರ್ ೧೯, ಭಾನುವಾರ

ಮೂರು ವಾರ ಇದನ್ನು ತೆರೆಯಲಿಲ್ಲ. ಬರೆಯಲು ಕೂತರೆ ಕೈ ಯಾರ ಅಕ್ಷರಕ್ಕೆ ಹೊರಳುತ್ತದೋ ಅಂತ ಭಯ.

ತಮ್ಮ ಕುಡಿತ ಬಿಟ್ಟು ಮೂವತ್ತೊಂದು ದಿನ. ಮುಖಕ್ಕೆ ಬಣ್ಣ ಬಂದಿದೆ. ಸಿಕ್ಕಾಗಲೆಲ್ಲ, "ನಾಲ್ಕನೇ ದಿನ ಹೇಗಿದೆ ಅಣ್ಣ?" ಅನ್ನುತ್ತಾನೆ. ಮೂರು ದಿನದ ನಂತರದ ಇಡೀ ಬದುಕಿಗೆ ನಾವು ಇಟ್ಟ ಹೆಸರದು. ಕಾಗದಕ್ಕೆ ಲ್ಯಾಮಿನೇಶನ್ ಮಾಡಿಸಿದ್ದಾನೆ. ಬೆವರಿಗೆ ಹಾಳಾಗುತ್ತಿತ್ತಂತೆ.

ಮೇಷ್ಟ್ರು ನವೆಂಬರ್ ೧೩ರ ಕೋರ್ಸಿನಲ್ಲಿ ಅವನಿಗೇ ಒಂದು ಮಾತು ವಹಿಸಿದ್ದಾರೆ. ಕಾಗದವನ್ನು ಎಲ್ಲರೆದುರು ಓದುತ್ತಾನಂತೆ. ಇಂಥ ಕಾಗದಗಳನ್ನು ಎಷ್ಟು ಪವಿತ್ರವಾಗಿ ಕಾಯಬೇಕು ಅಂತ ಮೇಷ್ಟ್ರು ಹೇಳುತ್ತಿದ್ದರು. ಕುಂಬಳಕಾಯಿ ಕಳ್ಳನ ಹಾಗೆ ಹೆಗಲು ಮುಟ್ಟಿ ನೋಡಿಕೊಂಡೆ.

ನವೆಂಬರ್ ೪, ಮಂಗಳವಾರ

ತಮ್ಮ ಹೋಗಿಬಿಟ್ಟಿದ್ದಾನೆ. ನನ್ನನ್ನು ಕೇಳದೆ, ನೇರ ಮಗಳ ಅಂಗಡಿಗೆ.

ಅವಳು ನಾಲ್ಕು ಗಂಟೆಗೆ ಲ್ಯಾಬಿಗೆ ಬಂದಳು. ಪಾಲಿಶ್ ಮೆಷಿನ್ ಓಡುತ್ತಿತ್ತು. ಅವಳೇ ಸ್ವಿಚ್ ಆರಿಸಿದಳು. ಅಪ್ಪ ಕಾಗದ ತೋರಿಸಿ ಥ್ಯಾಂಕ್ಸ್ ಹೇಳಿದರಂತೆ, ಮುಂದಿನ ಕೋರ್ಸಿನಲ್ಲಿ ಇದನ್ನು ಎಲ್ಲರೆದುರು ಓದುತ್ತೇನೆ ಅಂದರಂತೆ. ಓದಿ ಹಿಂದಕ್ಕೆ ಕೊಟ್ಟಳಂತೆ. ಗಿರಾಕಿ ಇದ್ದಾರೆ ಅಂದಳಂತೆ. ಬೇರೇನೂ ಹೇಳಲಿಲ್ಲವಂತೆ.

ತಪ್ಪಾಯಿತು ಅಂದೆ. ನಿಮ್ಮಿಬ್ಬರ ಒಳ್ಳೆಯದಕ್ಕೇ ಅಂತಲೂ ಅಂದೆ. ಮೊದಲ ಮಾತಿಗೇ ಬಾಯಿ ಮುಚ್ಚಿದ್ದರೆ ಚೆನ್ನಾಗಿತ್ತು.

"ಅಮ್ಮ ಬೆಳಗಾಗೋವರೆಗೂ ಅಪ್ಪನ್ನೇ ಕರೆದಳು. ಅವರು ಬಂದ್ರು, ಬಾಗಿಲು ತೆಗಿ ಅಂತಿದ್ದಳು. ನಾನು ಹನ್ನೊಂದು ಸಲ ಎದ್ದು ಬಾಗಿಲು ತೆಗೆದೆ ದೊಡ್ಡಪ್ಪ. ಅದನ್ನ ಯಾರಿಗೂ ಹೇಳಿರ್ಲಿಲ್ಲ. ಅಪ್ಪಂಗೂ ಹೇಳಿರ್ಲಿಲ್ಲ, ಕೇಳಿದ್ರೆ ಸತ್ತೇಹೋಗ್ತಾರೆ ಅಂತ."

ಅವಳು ಅಳಲಿಲ್ಲ.

"ಕ್ಷಮಿಸ್ತಿದ್ನೋ ಇಲ್ವೋ, ಅದು ನಂದು. ನನ್ನ ಹತ್ರ ಇದ್ದದ್ದು ಅದೊಂದೇ. ಅದನ್ನೂ ನೀವೇ ಕೊಟ್ಟು ಮುಗಿಸಿದ್ರಿ."

ಹೋಗುವಾಗ ಬಾಗಿಲಲ್ಲಿ ನಿಂತು, ಮೂವತ್ತು ಜನರೆದುರು ಅವರು ಅದನ್ನು ಓದುವ ಮೊದಲು ನೀವೇ ಹೇಳಿ, ನನ್ನ ಕೈಲಾಗುವುದಿಲ್ಲ ಅಂದಳು. ಅವಳ ಮೌನವನ್ನು ಇಷ್ಟು ವರ್ಷ ಹಟ ಅಂದುಕೊಂಡಿದ್ದೆವಲ್ಲ, ನಾವೆಲ್ಲ...

ನವೆಂಬರ್ ೯, ಭಾನುವಾರ

ಫಾದರ್ ಹತ್ತಿರ ಪಾಪನಿವೇದನೆ ಮಾಡಿದೆ. ದೇವರ ಕ್ಷಮೆ ಇಲ್ಲಿ ಸಿಗುತ್ತದೆ, ತಮ್ಮನದು ಅವನ ಮನೆಯಲ್ಲೇ ಕೇಳಬೇಕು ಎಂದರು.

ಹೆಂಡತಿಗೂ ಹೇಳಿದೆ. ಬಟ್ಟೆ ಮಡಿಸುತ್ತಿದ್ದಳು. "ಹಲ್ಲು ಕಟ್ಟೋದು ಸಾಲ್ದು ಅಂತ ಬೇರೆಯವರ ಬಾಯಿಗೆ ಮಾತೂ ಕಟ್ಟೋಕೆ ಹೋದ್ರಾ" ಅಂದಳು. ಊಟ ಬಡಿಸಿ ಒಳಗೆ ಹೋದಳು.

ಗುಂಪಿಗೆ ಹೋಗಲಿಲ್ಲ. ಜ್ವರ ಅಂತ ಹೇಳಿ ಕಳಿಸಿದೆ. ತಮ್ಮ ಮಾತ್ರೆ ತಂದುಕೊಟ್ಟು ಹೋದ. ಆಗಲೇ ಹೇಳಬಹುದಿತ್ತು. ಇವತ್ತಿಗೆ ಐವತ್ತೆರಡು ದಿನ ಅಣ್ಣ ಅಂದ. ಇಲ್ಲದ ಜ್ವರಕ್ಕೆ ಮಾತ್ರೆ ನುಂಗಿದೆ.

ನವೆಂಬರ್ ೧೨, ಬುಧವಾರ. ಬೆಳಿಗ್ಗೆ ೭

ನಾಳೆ ಕೋರ್ಸು. ಇವತ್ತು ಹೇಳಲೇಬೇಕು. ಹಾವೂ ಸಾಯದೆ ಕೋಲೂ ಮುರಿಯದೆ ಹೇಳುವ ದಾರಿ ಎಷ್ಟು ಹುಡುಕಿದರೂ ಸಿಗಲಿಲ್ಲ. ಅವನು ಮತ್ತೆ ಕುಡಿದರೆ ಆ ಲೋಟ ನಾನು ತುಂಬಿದ್ದು. ಹೇಳದಿದ್ದರೆ ಆ ಹುಡುಗಿ ಇನ್ನೊಂದು ಸಲ ಒಬ್ಬಳೇ.

ಮಧ್ಯಾಹ್ನ ೩

ಹೋಗಿ ಬಂದೆ.

ರೂಮು ಗುಡಿಸಿ ಚೊಕ್ಕಟ ಇಟ್ಟಿದ್ದ. ನಾಳೆಯ ಮಾತನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಂಡಿದ್ದ. ಮೊದಲು ನಿನಗೇ ಓದುತ್ತೇನೆ ಕೂತುಕೋ ಅಂದ. ಕೂರಲಿಲ್ಲ. ನಿಂತೇ ಹೇಳಿದೆ. ಚೀಟಿ, ಹಾಳೆ, ಎಲ್ಲ. ಅವಳು ಲ್ಯಾಬಿಗೆ ಬಂದಿದ್ದಳು ಅಂತಲೂ ಹೇಳಿದೆ.

ಬೈಯುತ್ತಾನೆ ಅಂದುಕೊಂಡಿದ್ದೆ. ಬೈದಿದ್ದರೆ ಎಷ್ಟೋ ವಾಸಿ. ಕಾಗದವನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡಿದ. ಚೆನ್ನಾಗಿ ಬರೆದಿದ್ದೀಯ ಅಂದ. ಪಾಪ ಅವಳು, ಅಂಗಡಿಯಲ್ಲಿ ನನಗೆ ಒಂದು ಮಾತೂ ಅನ್ನಲಿಲ್ಲ ಅಂದ. ಮಂಚದ ಮೇಲೆ ಕೂತ. ನೋಟ್‌ಬುಕ್ಕು ಮುಚ್ಚಿಟ್ಟ.

ಹೊರಡಲು ತಿರುಗಿದೆ. ಕರೆದ.

"ಅಣ್ಣ. ಅಮ್ಮ ನಿಮ್ಮನ್ನ ಕೇಳಲಿಲ್ಲ ಅಂತ ಇತ್ತಲ್ಲ, ಅದೂ ನೀನೇ ಬರೆದಿದ್ದಾ? ನಿಜವಾಗ್ಲೂ... ಅವಳು ನನ್ನ ಕೇಳಿದ್ಲಾ?"

ನನ್ನ ಮುಖ ನೋಡುತ್ತಾ ಕಾದ. ಚಿಕ್ಕವನಿದ್ದಾಗಿನಿಂದ ನಾನು ಏನು ಹೇಳಿದರೂ ನಂಬುತ್ತಿದ್ದವನು. ಅದಕ್ಕೆ ನಾನು ಹೇಳಿದ್ದು ಇಷ್ಟೆ: ಆ ಉತ್ತರ ನನ್ನದಲ್ಲ, ನಿನ್ನ ಮಗಳದ್ದು, ಈ ಸಲ ಅವಳ ಮಾತನ್ನು ನಾನು ಕಟ್ಟುವುದಿಲ್ಲ.