ಬಾಲ ಹಚ್ಚಿದ ಫೈಲು

ಜನವರಿ 19, ಬೆಳಗ್ಗೆ 10

ಐದನೇ ಗೇಟು. ಅದೇ ಕೆಲಸ. ಹಿಮ ಜಾರುವ ಇಳಿಜಾರುಗಳ ನಕ್ಷೆ ತೋರಿಸುವ ಪ್ರೋಗ್ರಾಂ — ಹಸಿರಿದ್ದರೆ ರಸ್ತೆಯ ಗೇಟು ತೆಗೆಯಬೇಕು, ಕೆಂಪಿದ್ದರೆ ಮುಚ್ಚಬೇಕು. ಅಪ್‌ಡೇಟ್ ಕೇಳುವ ಚೌಕ ನಕ್ಷೆಯ ಮೇಲೇ ಬಂದು ಕೂರುತ್ತದೆ. ಈ ಬೆಟ್ಟದ ಇಂಟರ್‌ನೆಟ್ಟಿನಲ್ಲಿ ಅಪ್‌ಡೇಟ್ ಅರ್ಧಕ್ಕೆ ನಿಂತರೆ ಪ್ರೋಗ್ರಾಂ ಸತ್ತಂತೆಯೇ. ಅದಕ್ಕೇ ಅಪ್‌ಡೇಟ್ ತರುವ ಡಿಎಲ್‌ಎಲ್ ಫೈಲಿನ ಹೆಸರಿಗೆ 'ಓಲ್ಡ್' ಎಂದು ಬಾಲ ಹಚ್ಚಿಬಿಡುವುದು. ಪ್ರೋಗ್ರಾಂಗೆ ಅದು ಸಿಗುವುದಿಲ್ಲ, ತೆಪ್ಪಗಿರುತ್ತದೆ. ನರಿನ್‌ನ ರಸ್ತೆ ಆಫೀಸಿನಲ್ಲಿ ನನ್ನ ಹಾಗೆ ಕಂಪ್ಯೂಟರ್ ಮುಟ್ಟುವವರೆಲ್ಲ ಮಾಡುವುದು ಇದನ್ನೇ. ವಸಂತದಲ್ಲಿ ಎಲ್ಲ ಗೇಟಿನ ಕಂಪ್ಯೂಟರುಗಳನ್ನೂ ಆಫೀಸಿಗೆ ಹೊತ್ತು ತಂದು ಒಟ್ಟಿಗೆ ಅಪ್‌ಡೇಟ್.

ಗೇಟು ಕಾಯುವ ತೊಕ್ತೊಸುನ್ ಬೈಕೆಗೆ — ಹಿರಿಯರನ್ನು ಅಣ್ಣ ಎನ್ನುವಂತೆ ನಾವು ಬೈಕೆ ಎನ್ನುತ್ತೇವೆ — ಖುಷಿ. "ಬದುಕಿಸಿದೆ ಕಣೇ ಬುರುಲ್. ನನ್ನ ಹೆಂಡತಿ ಥರ ಕೇಳಿದ್ದೇ ಕೇಳ್ತಿತ್ತು. ಕೂತ್ಕೋ, ಚಹಾ ಕುಡಿ."

ಫೆಬ್ರವರಿ 5

ರಾಜಧಾನಿಯಿಂದ ಮೇಲ್. ಐದನೇ ಗೇಟಿನ ಮೇಲಿನ ಒಂದು ಇಳಿಜಾರು ನಕ್ಷೆಯಲ್ಲಿ ಬಿಟ್ಟುಹೋಗಿತ್ತಂತೆ, ಸೇರಿಸಿದ್ದಾರೆ. ತಕ್ಷಣ ಅಪ್‌ಡೇಟ್ ಮಾಡಿ ಎಂದಿದೆ. ಆಫೀಸಿನ ಜೀಪು ಗ್ಯಾರೇಜಿನಲ್ಲಿ. ಸೋಮವಾರ ಹೋದರಾಯಿತು.

ಫೆಬ್ರವರಿ 8

ಅದೇ ಇಳಿಜಾರು. ಬೆಳಗ್ಗೆ ಒಂಬತ್ತಕ್ಕೆ ಹಿಮ ಜಾರಿದೆ. ಹುಲ್ಲಿನ ಲಾರಿಯೊಂದು ಅಡಿಯಲ್ಲಿ. ಡ್ರೈವರ್ ಮಿರ್ಲಾನ್, ಇಪ್ಪತ್ತಾರು ವರ್ಷ. ಬದುಕಲಿಲ್ಲ.

ಬೇರೇನೂ ಬರೆಯಲಾಗುತ್ತಿಲ್ಲ...

ಫೆಬ್ರವರಿ 9, ಮಧ್ಯಾಹ್ನ

ಗೇಟಿಗೆ ಹೋದೆ. ಬೈಕೆ ಸಲಿಕೆ ಹಿಡಿದು ಹಿಮ ತೆಗೆಯಲು ಹೋಗಿದ್ದರು. ಕೋಣೆಯಲ್ಲಿ ನಾನೊಬ್ಬಳೇ. ಫೈಲಿನ ಬಾಲ ಕಿತ್ತೆ. ಹೆದರಿಕೆ, ಅಷ್ಟೇ. ಬೇರೆ ಕಾರಣ ಹೇಳಿಕೊಳ್ಳುವುದಿಲ್ಲ. ಎಂದೂ ಇಲ್ಲದ ನೆಟ್ಟು ಇವತ್ತು ಇತ್ತು — ನಾಲ್ಕೇ ನಿಮಿಷಕ್ಕೆ ಅಪ್‌ಡೇಟ್ ಮುಗಿಯಿತು. ಹೊಸ ಇಳಿಜಾರು ಕೆಂಪಗೆ ಬಂತು. ಹಳೆಯ ದಿನಗಳ ಲೆಕ್ಕವನ್ನೂ ಅದೇ ತಿದ್ದಿಕೊಂಡಿತು. ಎಂಟನೇ ತಾರೀಕಿನ ಪುಟವೂ ಕೆಂಪು.

ಆಗ ಹೊಳೆಯಲಿಲ್ಲ. ವಾಪಸು ಬರುವಾಗ ಹೊಳೆಯಿತು: ಬೈಕೆ ಹಸಿರು ನೋಡಿ ಗೇಟು ತೆಗೆದದ್ದಕ್ಕೆ ಇನ್ನು ಆ ಮಷೀನಿನಲ್ಲಿ ಗುರುತೇ ಇಲ್ಲ.

ಫೆಬ್ರವರಿ 11

ತನಿಖೆಗೆ ಬಂದವನು ಬೈಕೆಗೆ ಎಂಟನೇ ತಾರೀಕಿನ ಪುಟ ತೆಗೆದು ತೋರಿಸಿದ. "ಅಜ್ಜ, ಇಷ್ಟು ಕೆಂಪಗಿದೆ. ಕಾಣಲಿಲ್ವಾ ನಿಮಗೆ?"

"ಹಸಿರಿತ್ತಪ್ಪ. ಹಸಿರು ನೋಡೇ ಗೇಟು ತೆಗೆದೆ."

ನನ್ನತ್ತ ತಿರುಗಿದ. "ಮಷೀನು ಕೆಟ್ಟಿತ್ತಾ?"

"ಇಲ್ಲ" ಅಂದೆ.

ಬೈಕೆ ನನ್ನನ್ನು ನೋಡಿದರು. ಸಿಟ್ಟಿರಲಿಲ್ಲ. ನಾನು ಹೇಳಿದ ಮೇಲೆ ಸರಿಯೇ ಇರಬೇಕು ಅನ್ನುವ ಮುಖ. ಸತ್ತುಹೋಗಬೇಕು ಅನ್ನಿಸಿತು.

ಫೆಬ್ರವರಿ 20, ಸಂಜೆ

ಬೈಕೆ ಮನೆಗೆ ಬಂದಿದ್ದರು. ಕೋಟಿನ ಜೇಬಲ್ಲಿ ನನಗೆಂದು ಕುರುತ್, ಹೆಂಡತಿ ಒಣಗಿಸಿದ ಮೊಸರಿನ ಉಂಡೆ. ಸಾವಿನ ಮನೆಗೆ ಒಯ್ಯುವ ಪದ್ಧತಿಯಂತೆ ಮಿರ್ಲಾನನ ಮನೆಗೆ ಕುರಿ ಒಯ್ದಿದ್ದರಂತೆ. ಅವನ ತಾಯಿ ಅದರ ಹಗ್ಗವನ್ನೂ ಮುಟ್ಟಲಿಲ್ಲವಂತೆ.

"ಕೆಂಪೇ ಇತ್ತೇನೋ, ಬುರುಲ್. ಕಣ್ಣು ತೋರಿಸ್ದೆ. ಬಲಗಣ್ಣಲ್ಲಿ ಪೊರೆ ಬಂದಿದೆ ಅಂದ್ರು."

"ಬೈಕೆ..."

"ನಾಳೆ ತಪ್ಪು ನನ್ನದೇ ಅಂತ ಬರ್ಕೊಟ್ಟು ಸಹಿ ಹಾಕ್ತೀನಿ. ಜೈಲಾದ್ರೆ ಆಗ್ಲಿ. ನೀನೂ ಬಾ, ಒಬ್ನೇ ಹೋಗೋಕೆ ಒಂಥರಾ ಆಗುತ್ತೆ."

ಚಹಾ ತಣ್ಣಗಾಗಿತ್ತು. ಬಿಸಿ ಮಾಡಿಕೊಟ್ಟೆ. ಅಷ್ಟೇ ಕೈಲಾದದ್ದು.

ಫೆಬ್ರವರಿ 21, ಬೆಳಗ್ಗೆ 10.40

ತನಿಖೆ ಆಫೀಸಿನ ಹೊರಗಿನ ಬೆಂಚು. ಉಳಿದ ಆರು ಗೇಟಿನಲ್ಲೂ ಫೈಲಿಗೆ ಬಾಲ ಹಾಗೇ ಇದೆ. ಒಂದನ್ನು ತೆರೆದು ಆ ಇಳಿಜಾರಿಲ್ಲದ ಹಳೆಯ ನಕ್ಷೆ ತೋರಿಸಿದರೆ ಸಾಕು, ಬೈಕೆ ನೋಡಿದ್ದು ಹಸಿರೇ ಎಂದು ಗೊತ್ತಾಗುತ್ತದೆ. ನನಗೂ ಇಬ್ಬರು ಮಕ್ಕಳು... ನೆಪಕ್ಕೆ ಅವರನ್ನೂ ಇದರೊಳಗೆ ಎಳೆದು ತಂದೆ, ನೋಡು.

ಬೈಕೆ ಪಕ್ಕದಲ್ಲೇ ಕೂತು ಜೇಬು ತಡಕುತ್ತಿದ್ದಾರೆ. ಸಹಿ ಹಾಕಲು ಪೆನ್ನು ತಂದಿಲ್ಲ. ನನ್ನದನ್ನು ಕೇಳುತ್ತಿದ್ದಾರೆ. ಇರುವುದು ಈಗ ಬರೆಯುತ್ತಿರುವ ಇದೊಂದೇ. ಒಳಗಿನಿಂದ ಕರೆದರು. ಬೈಕೆ ಕೈ ಚಾಚಿ ಪೆನ್ನನ್ನು